ಮಂಗಳೂರಿನ ಫ್ಲ್ಯಾಟ್‌ಗೆ 40 ಲಕ್ಷ ಸಾಲ: ಇಎಂಐ ಕಡಿಮೆ ಬರುತ್ತದೆ ಅಂತ 30 ವರ್ಷಕ್ಕೆ ತೆಗೆದುಕೊಳ್ಳಬಹುದಾ?

50 ಲಕ್ಷದ ಫ್ಲ್ಯಾಟ್, ಕೈಯಲ್ಲಿ 10 ಲಕ್ಷ, ಉಳಿದದ್ದಕ್ಕೆ ಸಾಲ, ಈಗ ಬಾಡಿಗೆ 14 ಸಾವಿರ ಅಂತ ಬರೆದು ನೀವು ಕೇಳಿದ್ದೀರಿ. 30 ವರ್ಷಕ್ಕೆ ಬೇಡ. 20 ವರ್ಷದ ಇಎಂಐ ಕಟ್ಟಲು ಆಗುವುದಿಲ್ಲ ಅಂತಾದರೆ ಆ ಫ್ಲ್ಯಾಟೂ ಸದ್ಯಕ್ಕೆ ಬೇಡ. ಒರಟಾಗಿ ಹೇಳಿದೆ ಅನ್ನಿಸಿದರೆ ಬೇಜಾರು ಮಾಡಬೇಡಿ. "ತಿಂಗಳಿಗೆ ನಾಲ್ಕು ಸಾವಿರ ಉಳಿಯುತ್ತದೆ" ಅಂತ ನೀವು ಬರೆದದ್ದು ಓದಿದಾಗ ನಮ್ಮ ಮನೆಯ ಊಟದ ಹೊತ್ತಿನ ಮಾತೇ ಕೇಳಿಸಿತು. ನಾವೂ ಸಾಲವನ್ನು ಇಎಂಐ ನೋಡಿಯೇ ಅಳೆಯುತ್ತಿದ್ದೆವು.

ನಮ್ಮದು ಮಣಿಪಾಲದ ಹತ್ತಿರ ಎರಡು ಬೆಡ್‌ರೂಮಿನ ಫ್ಲ್ಯಾಟ್. 2021ರ ಜನವರಿಯಲ್ಲಿ 35 ಲಕ್ಷ ಸಾಲ ಮಾಡಿದೆವು. ನಾನು ಖಾಸಗಿ ಹೈಸ್ಕೂಲಿನಲ್ಲಿ ಟೀಚರ್, ನಮ್ಮವರು ಒಂದು ಪ್ರಿಂಟಿಂಗ್ ಪ್ರೆಸ್ಸಿನಲ್ಲಿ ಕೆಲಸಕ್ಕೆ ಇದ್ದಾರೆ. ಕೋವಿಡ್ ಕಾಲ, ರೆಪೊ ದರ, ಅಂದರೆ ಆರ್‌ಬಿಐ ಬ್ಯಾಂಕುಗಳಿಗೆ ಸಾಲ ಕೊಡುವ ದರ, ಶೇ. 4ಕ್ಕೆ ಇಳಿದಿತ್ತು. ನಮಗೆ ಶೇ. 6.9ಕ್ಕೆ ಸಾಲ ಸಿಕ್ಕಿತು. 20 ವರ್ಷ, ಇಎಂಐ 26,926 ರೂಪಾಯಿ. 2041ಕ್ಕೆ ಮುಗಿಯುತ್ತದೆ, ಆಗ ನಮ್ಮವರಿಗೆ 58. ನಿವೃತ್ತಿಗೆ ಸರಿಯಾಗಿ ಸಾಲವೂ ಇಲ್ಲ ಅಂತ ಇಬ್ಬರಿಗೂ ಸಮಾಧಾನ.

ನಮ್ಮ ಎರಡೂ ಕಡೆಯಲ್ಲಿ ಬ್ಯಾಂಕಿನಲ್ಲಿ ಸಾಲ ಮಾಡಿ ಮನೆ ತೆಗೆದುಕೊಂಡವರು ಯಾರೂ ಇರಲಿಲ್ಲ. ಮಾವ ಬೊಂಬಾಯಿಯ ಹೋಟೆಲಿನಲ್ಲಿ ದುಡಿದು, ದುಡ್ಡು ಬಂದ ಹಾಗೆ ಒಂದೊಂದೇ ಕೋಣೆ ಸೇರಿಸಿ ಮುರಕಲ್ಲಿನ ಮನೆ ಕಟ್ಟಿದವರು. ಅಮ್ಮ ಪಿಗ್ಮಿ (ದಿನಾ ಸಣ್ಣ ಮೊತ್ತ ಕಟ್ಟುವ ಬ್ಯಾಂಕ್ ಉಳಿತಾಯ) ಕಟ್ಟಿ ನನ್ನ ಮದುವೆಗೆ ಚಿನ್ನ ಮಾಡಿದ್ದು. ಪಿಗ್ಮಿ ಶುರುವಾದದ್ದೇ ನಮ್ಮ ಉಡುಪಿಯಲ್ಲಿ, 1928ರಲ್ಲಿ, ಮುಂದೆ ಸಿಂಡಿಕೇಟ್ ಬ್ಯಾಂಕ್ ಆದ ಸಂಸ್ಥೆಯಿಂದ. ಹಾಗಾಗಿ ಸಣ್ಣ ಮೊತ್ತ ವರ್ಷಗಟ್ಟಲೆ ಕಟ್ಟುತ್ತಾ ಹೋದರೆ ದೊಡ್ಡದಾಗುತ್ತದೆ ಅಂತ ಈ ಊರಿನಲ್ಲಿ ಯಾರಿಗೂ ಹೇಳಿಕೊಡಬೇಕಾಗಿಲ್ಲ. ಸಾಲದಲ್ಲೂ ಅದೇ ಲೆಕ್ಕ ನಡೆಯುತ್ತದೆ, ಆದರೆ ಬೆಳೆಯುವುದು ಬ್ಯಾಂಕಿನ ಪಾಲು. ಅದನ್ನು ನಮಗೆ ಹೇಳುವವರು ಇರಲಿಲ್ಲ.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಹೊಸದಾಗಿ ಕೊಡುವ ಫ್ಲೋಟಿಂಗ್ (ಆಗಾಗ ಬದಲಾಗುವ) ದರದ ಗೃಹ ಸಾಲಗಳು ರೆಪೊದಂಥ ಹೊರಗಿನ ದರಕ್ಕೆ ಜೋಡಣೆ ಆಗಿರಬೇಕು. ಕನಿಷ್ಠ ಮೂರು ತಿಂಗಳಿಗೊಮ್ಮೆ ನಮ್ಮ ಬಡ್ಡಿಯನ್ನೂ ಅದಕ್ಕೆ ಸರಿಯಾಗಿ ಬದಲಿಸಬೇಕು. ಸಾಲ ಮಾಡುವಾಗ ಇದನ್ನು ಹೇಳಿದ್ದರು, ನಾವೂ ತಲೆ ಆಡಿಸಿದ್ದೆವು. 2022ರ ಮೇ ತಿಂಗಳಲ್ಲಿ ರೆಪೊ ಶೇ. 4 ಇದ್ದದ್ದು 4.4 ಆಯಿತು. 2023ರ ಫೆಬ್ರವರಿಗೆ 6.5. ಒಂದು ವರ್ಷ ತುಂಬುವುದರೊಳಗೆ ಎರಡೂವರೆ ಅಂಶ! ನಮ್ಮ 6.9 ಹೋಗಿ 9.4ಕ್ಕೆ ನಿಂತಿತು.

ತಪ್ಪಾದದ್ದು ಇಲ್ಲಿ. ಸ್ವಲ್ಪ ವಿವರವಾಗಿ ಹೇಳುತ್ತೇನೆ, ಯಾಕೆಂದರೆ ನೀವು ಕಾಲಿಡಲು ಹೊರಟಿರುವುದೂ ಅಲ್ಲಿಗೇ.

ದರ ಏರಿದಾಗಲೆಲ್ಲ ಮೊಬೈಲಿಗೆ ಮೆಸೇಜ್ ಬರುತ್ತಿತ್ತು. ನಾವು ನೋಡುತ್ತಿದ್ದದ್ದು ಒಂದೇ: ಐದನೇ ತಾರೀಕು ಅಕೌಂಟಿನಿಂದ ಎಷ್ಟು ಕಟ್ ಆಯಿತು? ಅದೇ 26,926. ಮುಂದಿನ ತಿಂಗಳೂ ಅಷ್ಟೇ. "ಬಡ್ಡಿ ಏರಿದರೂ ನಮ್ಮ ಇಎಂಐ ಏರಲಿಲ್ಲ ಮಾರಾಯ್ತಿ" ಅಂತ ನಮ್ಮವರು ಖುಷಿಯಲ್ಲಿ ಹೇಳಿದ್ದು ನೆನಪುಂಟು. 2023ರ ಏಪ್ರಿಲ್‌ನಲ್ಲಿ ಅದು 27,950ರ ಹತ್ತಿರ ಆಯಿತು. ಸಾವಿರ ರೂಪಾಯಿ. ಗ್ಯಾಸಿನ ರೇಟೂ ಏರಿದೆ, ಸ್ಕೂಲ್ ಫೀಸೂ ಏರಿದೆ, ಇದೂ ಸ್ವಲ್ಪ ಏರಿತು ಅಂದುಕೊಂಡೆವು.

ಆ ವರ್ಷದ ಆಗಸ್ಟ್ 18ರಂದು ಆರ್‌ಬಿಐ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಇಎಂಐ ಏರಿಸಬೇಕಾ, ಅವಧಿ ಉದ್ದ ಮಾಡಬೇಕಾ, ಎರಡೂ ಸ್ವಲ್ಪ ಸ್ವಲ್ಪ ಮಾಡಬೇಕಾ ಅಂತ ಸಾಲಗಾರನನ್ನೇ ಕೇಳಬೇಕು. ಎಷ್ಟು ಕಂತು ಬಾಕಿ ಅಂತ ಮೂರು ತಿಂಗಳಿಗೊಮ್ಮೆ ತಿಳಿಸಬೇಕು. ಹಳೆಯ ಸಾಲಗಳಿಗೂ ಆ ವರ್ಷದ ಕೊನೆಯೊಳಗೆ ಅನ್ವಯ. ಅದರ ಪ್ರಕಾರ ನಮಗೂ ಪತ್ರ ಬಂತು. ಆಯ್ಕೆ ಕೇಳಿದ್ದರು. ನಾವು ಉತ್ತರ ಕೊಡಲಿಲ್ಲ. ಮನೆ ಪತ್ರಗಳ ಫೈಲಿನೊಳಗೆ ಇಟ್ಟೆವು.

ಯಾಕೆ ಕೊಡಲಿಲ್ಲ? ಆ ಪತ್ರದಲ್ಲಿ ಅವಧಿಯನ್ನು ತಿಂಗಳಲ್ಲಿ ಬರೆದಿದ್ದರು. ಬಾಕಿ ಕಂತು ಮುನ್ನೂರ ಐವತ್ತಕ್ಕಿಂತ ಮೇಲೆ. ಸಾಲ ಶುರುವಾದಾಗ ಇದ್ದದ್ದು 240! ಎರಡು ವರ್ಷಕ್ಕೂ ಜಾಸ್ತಿ ಕಟ್ಟಿದ ಮೇಲೆ ಕಂತು ಕಡಿಮೆ ಆಗುವ ಬದಲು ನೂರಕ್ಕೂ ಜಾಸ್ತಿ ಸೇರಿಕೊಂಡಿತ್ತು. ಆ ಅಂಕೆ ನನ್ನ ಕಣ್ಣಿಗೆ ಬಿದ್ದಿತ್ತು, ಆದರೆ ವರ್ಷ ಮಾಡಿ ನೋಡಲಿಲ್ಲ. ಮಾಡಿದ್ದರೆ 2053 ಅಂತ ಬರುತ್ತಿತ್ತು. ನಮ್ಮವರಿಗೆ 70 ವರ್ಷ. ಇಎಂಐ ಕೈಗೆ ಸಿಗುವ ಹಾಗಿದ್ದದ್ದೇ ನಮ್ಮನ್ನು ಮಲಗಿಸಿಬಿಟ್ಟಿತು. ಬ್ಯಾಂಕಿನವರು ಒಮ್ಮೆಲೇ ಐದು ಸಾವಿರ ಏರಿಸಿದ್ದರೆ ಮರುದಿನವೇ ಓಡಿಹೋಗಿ ಕೇಳುತ್ತಿದ್ದೆವು.

ಈಗ ಅಂಕೆ ಕೇಳಿ. 2023ರ ಏಪ್ರಿಲ್‌ನಲ್ಲಿ ಬಾಕಿ ಇದ್ದದ್ದು ಸುಮಾರು 33.5 ಲಕ್ಷ. ಶೇ. 9.4ಕ್ಕೆ ಅದರ ಒಂದು ತಿಂಗಳ ಬಡ್ಡಿಯೇ 26,240ರ ಮೇಲೆ. ಹಳೆಯ ಇಎಂಐ ಹಾಗೇ ಬಿಟ್ಟಿದ್ದರೆ ಅಸಲಿಗೆ ಹೋಗುತ್ತಿದ್ದದ್ದು ಏಳುನೂರು ರೂಪಾಯಿಯೂ ಇಲ್ಲ. ಅದಕ್ಕೇ ಬ್ಯಾಂಕ್ ಅವಧಿಯನ್ನು ತನ್ನ ಮಿತಿಯಾದ 30 ವರ್ಷದವರೆಗೆ ಎಳೆದು, ಉಳಿದದ್ದಕ್ಕೆ ಸಾವಿರ ರೂಪಾಯಿ ಏರಿಸಿತ್ತು. ದರ ಹಾಗೇ ಇದ್ದರೆ 30 ವರ್ಷಕ್ಕೆ ಅಲ್ಲಿಂದ ಮುಂದೆ ಕಟ್ಟಬೇಕಾದದ್ದು ಒಂದು ಕೋಟಿಗೂ ಜಾಸ್ತಿ. 2041ಕ್ಕೇ ಮುಗಿಸುತ್ತೇವೆ ಅಂತ ಹೇಳಿದ್ದರೆ ಇಎಂಐ 32,360 ಆಗುತ್ತಿತ್ತು, ಒಟ್ಟು 69 ಲಕ್ಷ ಚಿಲ್ಲರೆ. ತಿಂಗಳಿಗೆ 4,400ರ ವ್ಯತ್ಯಾಸ, ಕೊನೆಯಲ್ಲಿ 31 ಲಕ್ಷದ ವ್ಯತ್ಯಾಸ. ಉತ್ತರ ಕೊಡದೆ ಸುಮ್ನೆ ಇದ್ದದ್ದಕ್ಕೆ ನಾವು ದುಬಾರಿಯದನ್ನೇ ಆರಿಸಿಕೊಂಡ ಹಾಗಾಯಿತು.

ಗೊತ್ತಾದದ್ದು 2025ರಲ್ಲಿ. ಇನ್‌ಕಮ್ ಟ್ಯಾಕ್ಸಿಗೆ ಅಂತ ಬ್ಯಾಂಕಿನಿಂದ ಬಡ್ಡಿಯ ಸರ್ಟಿಫಿಕೇಟ್ ತರಿಸಿದಾಗ. ಆ ವರ್ಷ ಕಟ್ಟಿದ ಬಡ್ಡಿ 3 ಲಕ್ಷ 12 ಸಾವಿರ. ಅಸಲು 23 ಸಾವಿರ. ನಾನು ಮೊದಲು ಟೈಪಿಂಗ್ ತಪ್ಪು ಅಂದುಕೊಂಡೆ. ಶುರುವಿನಿಂದ ಲೆಕ್ಕ ಹಾಕಿದರೆ ನಾಲ್ಕು ವರ್ಷ ಚಿಲ್ಲರೆಯಲ್ಲಿ ಕಟ್ಟಿದ್ದು 13 ಲಕ್ಷ 70 ಸಾವಿರ. 35 ಲಕ್ಷದಲ್ಲಿ ಇಳಿದದ್ದು 1 ಲಕ್ಷ 90 ಸಾವಿರ ಮಾತ್ರ. ಬ್ಯಾಂಕಿಗೆ ಹೋಗಿ ಕೇಳಿದೆ. ಆಫೀಸರು ಒಳ್ಳೆಯವರೇ, "ಮೇಡಂ, ನಿಮ್ಮಿಂದ ರಿಪ್ಲೈ ಬರಲಿಲ್ಲ, ಸಿಸ್ಟಮಿನಲ್ಲಿ ಟೆನ್ಯೂರ್ (ಅವಧಿ) ಹಾಗೇ ಮುಂದುವರಿಯಿತು" ಅಂದರು. ಅವರು ಹೇಳಿದ್ದು ಸುಳ್ಳಲ್ಲ. ಅವತ್ತೇ ಅರ್ಜಿ ಬರೆದು ಇಎಂಐಯನ್ನು 33 ಸಾವಿರ ಮಾಡಿಸಿದೆ, 2041 ದಾಟಬಾರದು ಅಂತ. ಸಂಜೆ ಟ್ಯೂಷನ್ ಶುರು ಮಾಡಿದೆ. ಆ ವರ್ಷ ರೆಪೊ ಇಳಿಯುತ್ತಾ ಬಂತು, ಜೂನ್‌ಗೆ 5.5 ಆಯಿತು. ಇಎಂಐ ಇಳಿಸಬೇಕಾ ಅಂತ ಕೇಳಿದರು, ಬೇಡ ಅಂದೆವು. ಈಗ ಇಳಿಯುತ್ತಿರುವುದು ಅವಧಿ. ಆ ಎರಡು ವರ್ಷ ಕಡಿಮೆ ಕಟ್ಟಿ ನಾವು ಉಳಿಸಿದ್ದು ಒಂದು ಲಕ್ಷ ಚಿಲ್ಲರೆ. ಅದರ ಬದಲಿಗೆ ಮುಂದೆ ಕಟ್ಟುವುದು ಎರಡು ಲಕ್ಷ ದಾಟುತ್ತದೆ. ಬೇಗ ಕಣ್ಣು ಬಿಟ್ಟದ್ದಕ್ಕೆ ಅಷ್ಟರಲ್ಲಿ ಮುಗಿಯಿತು.

ಈಗ ನಿಮ್ಮ ವಿಷಯ. ಶೇ. 8.5ಕ್ಕೆ 40 ಲಕ್ಷ. 20 ವರ್ಷಕ್ಕೆ ಇಎಂಐ 34,713, ಒಟ್ಟು ಬಡ್ಡಿ 43 ಲಕ್ಷ. 30 ವರ್ಷಕ್ಕೆ 30,757, ಒಟ್ಟು ಬಡ್ಡಿ 70 ಲಕ್ಷ 70 ಸಾವಿರ. ನಾಲ್ಕು ಸಾವಿರ ಉಳಿಸಲು ಹೋಗಿ 27 ಲಕ್ಷ ಜಾಸ್ತಿ ಕೊಡುತ್ತೀರಿ. ಇನ್ನೊಂದು ಅಪಾಯ ಉಂಟು. 20 ವರ್ಷಕ್ಕೆ ತೆಗೆದುಕೊಂಡ ನಮಗೆ ದರ ಏರಿದಾಗ ಅವಧಿ ಎಳೆಯಲು ಜಾಗ ಇತ್ತು. ಮೊದಲೇ 30 ವರ್ಷ ತೆಗೆದುಕೊಂಡರೆ ಎಳೆಯಲು ಏನೂ ಉಳಿಯುವುದಿಲ್ಲ, ಇಎಂಐಯೇ ಏರಬೇಕು. ಆರಾಮ ಅಂತ ಆರಿಸಿಕೊಂಡದ್ದೇ ಆಗ ಕುತ್ತಿಗೆಗೆ ಬರುತ್ತದೆ.

"14 ಸಾವಿರ ಬಾಡಿಗೆ ಸುಮ್ನೆ ಹೋಗ್ತಾ ಉಂಟು" ಅಂತ ಬರೆದಿದ್ದೀರಿ. ಈ ಮಾತನ್ನು ನಾನು ಒಪ್ಪುವುದಿಲ್ಲ. ನಿಮ್ಮ ಸಾಲದ ಮೊದಲ ತಿಂಗಳ ಬಡ್ಡಿ 28,333. ಬಾಡಿಗೆಯ ಎರಡರಷ್ಟು. ಅದೂ ವಾಪಸ್ ಬರುವುದಿಲ್ಲ ಅಲ್ವಾ? 30 ವರ್ಷದ ಲೆಕ್ಕದಲ್ಲಿ ಆ ತಿಂಗಳು ನಿಮ್ಮ ಮನೆಗೆ ಅಂತ ಸೇರುವುದು 2,424 ರೂಪಾಯಿ. ಸ್ವಂತ ಮನೆ ಬೇಡ ಅನ್ನುತ್ತಿಲ್ಲ. ನಮ್ಮ ಮನೆ ನನಗೆ ತುಂಬ ಇಷ್ಟ, ಬಿಟ್ಟು ಹೋಗಲು ಮನಸ್ಸಿಲ್ಲ. ಆದರೆ ಬಾಡಿಗೆ ದಂಡ, ಇಎಂಐ ಉಳಿತಾಯ ಅನ್ನುವ ನೆಂಟರ ಮಾತು ಕೇಳಿ ಅವಸರ ಮಾಡಬೇಡಿ.

ಟ್ಯಾಕ್ಸ್ ಉಳಿಯುತ್ತದೆ ಅನ್ನುವುದೂ ಅರ್ಧ ನಿಜ. ನಾವೇ ವಾಸ ಮಾಡುವ ಮನೆಗೆ ಬಡ್ಡಿಯ ಮೇಲೆ ವಿನಾಯಿತಿ ವರ್ಷಕ್ಕೆ 2 ಲಕ್ಷದವರೆಗೆ, ಅದೂ ಹಳೆಯ ತೆರಿಗೆ ಪದ್ಧತಿಯಲ್ಲಿ. ಹೊಸ ಪದ್ಧತಿಗೆ ಹೋದರೆ ಅದು ಇಲ್ಲ. ಶೇ. 20ರ ಸ್ಲ್ಯಾಬಿನವರಿಗೆ ಪೂರ್ತಿ ಸಿಕ್ಕಿದರೂ ಉಳಿಯುವುದು 40 ಸಾವಿರದ ಆಸುಪಾಸು. ಅದಕ್ಕಾಗಿ ಮೂರು ಲಕ್ಷಕ್ಕೂ ಮೇಲೆ ಬಡ್ಡಿ ಕಟ್ಟುವುದು ಯಾವ ಲೆಕ್ಕ?

50 ಲಕ್ಷದ ಫ್ಲ್ಯಾಟ್‌ಗೆ ನಿಮ್ಮ ಕೈಯ 10 ಲಕ್ಷ ಸಾಕಾಗುವುದಿಲ್ಲ. ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ಸು, ಸರ್‌ಚಾರ್ಜು. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 1 ಇದ್ದದ್ದು 2 ಆಗಿದೆ. ಮೂರೂವರೆ ಲಕ್ಷ ದಾಟುತ್ತದೆ, ಸಾಲ ಲೆಕ್ಕ ಹಾಕುವಾಗ ಬ್ಯಾಂಕ್ ಇದನ್ನು ಸೇರಿಸುವುದಿಲ್ಲ. ಆಮೇಲೆ ನಮ್ಮ ಕರಾವಳಿಯ ಖರ್ಚು ಬೇರೆ. ವರ್ಷಕ್ಕೆ ಮೂರೂವರೆ ಸಾವಿರ ಮಿಲಿಮೀಟರಿಗೂ ಜಾಸ್ತಿ ಮಳೆ ಬೀಳುವ ಊರು. ಗೋಡೆ ಪಾಚಿ ಹಿಡಿಯುತ್ತದೆ, ಸ್ಲ್ಯಾಬ್ ಸೋರುತ್ತದೆ, ಗ್ರಿಲ್ ತುಕ್ಕು ತಿನ್ನುತ್ತದೆ. ನಮ್ಮ ಅಸೋಸಿಯೇಷನ್ನಿನಲ್ಲಿ ಟೆರೇಸಿಗೆ ಶೀಟಿನ ಮಾಡು ಹಾಕಿಸಲು ಎಲ್ಲ ಮನೆಯವರಿಂದಲೂ ದುಡ್ಡು ಎತ್ತಿದರು. ಇಎಂಐಗೆ ಸಂಬಳ ಸರಿಹೊಂದಿಸಿ ಇಟ್ಟುಕೊಂಡವರಿಗೆ ಅಂಥ ಹೊತ್ತಿನಲ್ಲಿ ಕಷ್ಟ.

ಸಾಲದ ಜೊತೆ ಒಂದೇ ಸಲಕ್ಕೆ ಪ್ರೀಮಿಯಂ ಕಟ್ಟುವ ಇನ್ಶೂರೆನ್ಸ್ ತೋರಿಸುತ್ತಾರೆ, "ಲೋನಿಗೇ ಸೇರಿಸುವಾ" ಅನ್ನುತ್ತಾರೆ. ಸೇರಿಸಬೇಡಿ. ಒಂದು ಲಕ್ಷದ ಪ್ರೀಮಿಯಂ 20 ವರ್ಷದ ಸಾಲಕ್ಕೆ ಸೇರಿದರೆ ಕಟ್ಟುವುದು 2 ಲಕ್ಷ 8 ಸಾವಿರ. ವಿಮೆ ಖಂಡಿತ ಬೇಕು, ಟರ್ಮ್ ಪಾಲಿಸಿಯನ್ನು (ಅವಧಿಯೊಳಗೆ ತೀರಿಕೊಂಡರೆ ಮನೆಯವರಿಗೆ ದುಡ್ಡು ಕೊಡುವ ವಿಮೆ) ಹೊರಗೆ ನೀವೇ ಮಾಡಿಸಿ.

20 ವರ್ಷಕ್ಕೆ ತೆಗೆದುಕೊಂಡ ಮೇಲೆ ಬೋನಸ್ಸೋ ಚಿಟ್ ಫಂಡಿನ ದುಡ್ಡೋ ಬಂದರೆ ಮೊದಲ ವರ್ಷಗಳಲ್ಲೇ ಅಸಲಿಗೆ ಹಾಕಿ. ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚು ಕಟ್ಟಿದರೆ ಕೊನೆಯ ಸುಮಾರು 14 ಕಂತು ಇಲ್ಲವಾಗುತ್ತವೆ, ಅಂದರೆ 4 ಲಕ್ಷ 78 ಸಾವಿರ. ಫ್ಲೋಟಿಂಗ್ ದರದ ಗೃಹ ಸಾಲಕ್ಕೆ ಮುಂಚಿತವಾಗಿ ಕಟ್ಟಿದರೆ ದಂಡ ಹಾಕುವ ಹಾಗಿಲ್ಲ. ಆದರೆ "ಇಎಂಐ ಇಳಿಸುವುದು ಬೇಡ, ಅವಧಿ ಕಡಿಮೆ ಮಾಡಿ" ಅಂತ ಬರವಣಿಗೆಯಲ್ಲಿ ಕೊಡಿ, ಸೀಲ್ ಹಾಕಿದ ಪ್ರತಿ ಇಟ್ಟುಕೊಳ್ಳಿ. ಬಾಯಿಮಾತಿಗೆ ಬಿಡಬೇಡಿ.

ಸಹಿ ಹಾಕುವ ಮೊದಲು ಬ್ಯಾಂಕಿನಲ್ಲಿ ರೀಪೇಮೆಂಟ್ ಶೆಡ್ಯೂಲ್ (ಪ್ರತಿ ಕಂತಿನಲ್ಲಿ ಬಡ್ಡಿ ಎಷ್ಟು, ಅಸಲು ಎಷ್ಟು ಅನ್ನುವ ಪಟ್ಟಿ) ಕೇಳಿ, ಈಗಿನ ದರಕ್ಕೊಂದು, ಎರಡು ಅಂಶ ಜಾಸ್ತಿ ಆದರೆ ಹೇಗೆ ಅಂತ ಇನ್ನೊಂದು. 40 ಲಕ್ಷಕ್ಕೆ ಶೇ. 10.5 ಆದರೆ 20 ವರ್ಷದ ಇಎಂಐ 39,900ರ ಮೇಲೆ ಹೋಗುತ್ತದೆ. ಅಷ್ಟು ಕಟ್ಟಿಯೂ ಮನೆ ಖರ್ಚು ನಡೆಯುತ್ತದಾ ಅಂತ ನಿಮ್ಮ ಮನೆಯವರ ಜೊತೆ ಕೂತು ನೋಡಿ. ರೆಪೊ ಮೇಲೆ ಬ್ಯಾಂಕ್ ಸೇರಿಸುವ ಸ್ಪ್ರೆಡ್ ಎಷ್ಟು ಅಂತಲೂ ಕೇಳಿ ಬರೆದುಕೊಳ್ಳಿ. ಆ ಅಂಕೆ ಮತ್ತು ನಿಮ್ಮ ವಯಸ್ಸು ಇಲ್ಲಿ ಹಾಕಿದರೆ ಯಾವ ವರ್ಷಕ್ಕೆ ಮುಗಿಯುತ್ತದೆ ಅಂತ ನಾನೇ ಲೆಕ್ಕ ಮಾಡಿ ಹೇಳುತ್ತೇನೆ.