ಹೈಕೋರ್ಟಿಗೆ ಹಾಕಿದ ರಿಟ್ ಅರ್ಜಿ ವಾಪಸ್ ಪಡೆಯಲು ನಾನೇ ಬೆಂಗಳೂರಿಗೆ ಹೋಗಬೇಕಾ?

ಪಹಣಿ ಜಗಳಕ್ಕೆ ರಿಟ್ ಹಾಕಿದ್ದೆವು, ಈಗ ಅಣ್ಣತಮ್ಮಂದಿರು ರಾಜಿಯಾಗಿದ್ದೇವೆ, ಅರ್ಜಿ ವಾಪಸ್ ಪಡೆಯೋಕೆ ದಾವಣಗೆರೆಯಿಂದ ನಾನೇ ಹೋಗಬೇಕಾ ಅಂತ ಕೇಳಿದ್ದೀರಿ. ನಾನು ವಕೀಲನಲ್ಲ. ಆದರೆ ಇದೇ ಕೆಲಸಕ್ಕೆ ಅಪ್ಪನ ಜೊತೆ ಓಡಾಡಿದ್ದೇನೆ.

ಸಾಮಾನ್ಯವಾಗಿ ಹೋಗಬೇಕಿಲ್ಲ. ವಕೀಲರು ಒಂದು ಮೆಮೊ ಬರೆದು, ನಿಮ್ಮ ಸಹಿ ಹಾಕಿಸಿಕೊಂಡು ಕೋರ್ಟಿಗೆ ಕೊಡುತ್ತಾರೆ. ಪಕ್ಕದ ಹಾವೇರಿಯವರಿಗೆ ಧಾರವಾಡ ಪೀಠ ಇದೆ, ನಮಗೆ ಮಾತ್ರ ಬೆಂಗಳೂರೇ ಗತಿ!

ಆದರೆ ಆತುರ ಬೇಡ. ನಮ್ಮದು ಹರಿಹರ ತಾಲ್ಲೂಕಲ್ಲಿ ಭದ್ರಾ ನಾಲೆಯ ಕೊನೇ ಭಾಗದ ಗದ್ದೆ. ಎಸಿ (ಉಪವಿಭಾಗಾಧಿಕಾರಿ), ಡಿಸಿ (ಜಿಲ್ಲಾಧಿಕಾರಿ) ಎರಡೂ ಕಡೆ ಸೋತು ರಿಟ್ ಹಾಕಿದ್ದೆವು, ತಡೆಯಾಜ್ಞೆಯೂ ಸಿಕ್ಕಿತ್ತು. ದೊಡ್ಡಪ್ಪನ ಮಗ ರಾಜಿಗೆ ಬಂದ ದಿನವೇ ಅಪ್ಪ "ನಾಳೆನೇ ಕೇಸ್ ವಾಪಸ್ ತಗೊಂಡ್ಬಿಡೋಣ" ಅಂದರು. ವಕೀಲರ ಗುಮಾಸ್ತರು ತಡೆದರು. "ಯಜಮಾನ್ರೇ, ಅರ್ಜಿ ಹೋದ್ರೆ ಅದರ ಜೊತೆ ತಡೆಯಾಜ್ಞೆನೂ ಹೋಗುತ್ತೆ. ಮೊದ್ಲು ವಿಭಾಗಪತ್ರ ರಿಜಿಸ್ಟರ್ ಆಗ್ಲಿ, ಕಾಪಿ ಕೈಗೆ ಬರ್ಲಿ." ಅಪ್ಪನಿಗೆ ಸಿಟ್ಟು ಬಂತು, ರಕ್ತಸಂಬಂಧದಲ್ಲಿ ಅನುಮಾನ ಪಡ್ತಾರಲ್ಲ ಅಂತ. ನನಗಂತೂ ಗುಮಾಸ್ತರ ಮಾತೇ ಸರಿ ಅನ್ನಿಸಿತು. ರಿಜಿಸ್ಟರ್ ಆಗುವವರೆಗೆ ಕಾದೆವು.

ಇನ್ನೊಂದು, ಮೆಮೊದಲ್ಲಿ ಏನು ಬರೆದಿದೆ ಅಂತ ಓದಿಸಿಕೊಂಡೇ ಸಹಿ ಹಾಕಿ. ಸುಮ್ನೆ "ವಾಪಸ್ ಪಡೆಯುತ್ತೇವೆ" ಅಂತಿದ್ದರೆ, ನಾಳೆ ರಾಜಿ ಮುರಿದಾಗ ಅದೇ ವಿಷಯಕ್ಕೆ ಮತ್ತೆ ರಿಟ್ ಹಾಕೋಕೆ ಆಗಲ್ಲ. 1986ರಲ್ಲೇ ಸರಗುಜಾ ಟ್ರಾನ್ಸ್‌ಪೋರ್ಟ್ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ಸಿವಿಲ್ ದಾವೆಯಂಥ ಬೇರೆ ದಾರಿಗೆ ಅದು ಅಡ್ಡ ಬರಲ್ಲ, ನಿಜ. ಆದರೂ ಮುಂದೆ ಬೇಕಾದರೆ ಮತ್ತೆ ಬರಲು ಅವಕಾಶ ಕೊಡಿ ಅಂತ ಕೇಳಿಕೊಳ್ಳೋದು ಒಳ್ಳೇದು. ವಕೀಲರು ಇದಕ್ಕೆ 'ಲಿಬರ್ಟಿ' ಅಂತಾರೆ. ಕೊಡೋದು ಬಿಡೋದು ಜಡ್ಜ್ ಇಷ್ಟ. ಆದೇಶದಲ್ಲಿ ಆ ಸಾಲು ಬಂದಿದೆಯಾ ಅಂತ ಆಮೇಲೆ ನೋಡಿಕೊಳ್ಳಿ.

(ಕೆರೆ, ರಸ್ತೆ ಅಂತ ಊರಿನ ಪರವಾಗಿ ಹಾಕಿದ ಸಾರ್ವಜನಿಕ ಹಿತಾಸಕ್ತಿ ಅರ್ಜಿಯಾದರೆ ಕಥೆ ಬೇರೆ. ಹಾಕಿದವರು ಬೇಡ ಅಂದರೂ ಕೋರ್ಟ್ ಅದನ್ನು ಮುಂದುವರಿಸಬಹುದು.)

ಹೋಗಬೇಕಿಲ್ಲ ಅಂದರೂ ಅಪ್ಪ ಕೇಳಲಿಲ್ಲ. ರಾತ್ರಿ ರೈಲು ಹತ್ತಿ ಹೋದೆವು. ನಮ್ಮ ನಂಬರ್ ಬಂತು, ವಕೀಲರು ಎರಡು ಮಾತು ಹೇಳಿದರು, ಜಡ್ಜ್ ತಲೆ ಅಲ್ಲಾಡಿಸಿದರು. ಅಪ್ಪ ಹೆಗಲ ಮೇಲಿನ ಟವೆಲ್ ಸರಿ ಮಾಡಿಕೊಳ್ಳೋದರೊಳಗೆ ಮುಗಿದೇ ಹೋಯ್ತು. ಆಮೇಲೆ ಆದೇಶದ ಪ್ರತಿ ಬಂದಾಗ ಅದರಲ್ಲಿ 'ಡಿಸ್ಮಿಸ್ಡ್' ಅಂತಿತ್ತು. "ಏನಪ್ಪಾ, ಸೋತ್ವೇನು?" ಅಂತ ಅಪ್ಪ ಗಾಬರಿಯಾದರು. ಪೂರ್ತಿ ಸಾಲು 'ಡಿಸ್ಮಿಸ್ಡ್ ಆ್ಯಸ್ ವಿತ್‌ಡ್ರಾನ್', ಅಂದರೆ ವಾಪಸ್ ಪಡೆದದ್ದರಿಂದ ವಜಾ. ಹಾಗೇ ಬರೆಯೋದು, ನೀವು ಹೆದರಬೇಡಿ.

ದೃಢೀಕೃತ ಪ್ರತಿ ಮಾತ್ರ ತೆಗೆದಿಟ್ಟುಕೊಳ್ಳಿ. ಪಹಣಿಯಲ್ಲಿ ತಡೆಯಾಜ್ಞೆ ನಮೂದಾಗಿದ್ದರೆ ಅದನ್ನು ತೆಗೆಸೋಕೆ ತಾಲ್ಲೂಕು ಕಚೇರಿಯಲ್ಲಿ ಅದನ್ನೇ ಕೇಳುತ್ತಾರೆ.