ಕಣ್ಣಾರೆ ಕಂಡವರಿಲ್ಲದ ಕೊಲೆ ಕೇಸು

ಪ್ರಶ್ನೆ: ನನ್ನ ತಮ್ಮ ಕೊಲೆ ಕೇಸಿನಲ್ಲಿ ಜೈಲಿನಲ್ಲಿದ್ದಾನೆ. ಕಣ್ಣಾರೆ ಕಂಡವರು ಯಾರೂ ಇಲ್ಲ. ಸತ್ತವನ ಜೊತೆ ಅವನನ್ನು ಕೊನೆಗೆ ನೋಡಿದ್ದಾಗಿ ಇಬ್ಬರು ಹೇಳಿದ್ದಾರೆ. ತೊಗರಿ ಹೊಲದಲ್ಲಿ ಕುಡುಗೋಲು ಅವನೇ ತೋರಿಸಿದ ಅಂತ ಪಂಚನಾಮೆ ಆಗಿದೆ. ಇಷ್ಟಕ್ಕೇ ಶಿಕ್ಷೆ ಆಗುತ್ತಾ? ವಕೀಲರಿಗೆ ಕೊಡಲು ದುಡ್ಡಿಲ್ಲ.
– ಒಬ್ಬ ಅಕ್ಕ, ಶಹಾಪುರ ತಾಲ್ಲೂಕು

ಉತ್ತರ: ಅಕ್ಕಾ, ನಿಮಗೆ ಸುಳ್ಳು ಧೈರ್ಯ ಹೇಳಲಾರೆ. ಸಾಂದರ್ಭಿಕ ಸಾಕ್ಷ್ಯದ, ಅಂದರೆ ಕಣ್ಣಾರೆ ಕಂಡವರಿಲ್ಲದೆ ಸುತ್ತಲಿನ ಸಂಗತಿಗಳನ್ನು ಜೋಡಿಸಿದ ಸಾಕ್ಷ್ಯದ ಮೇಲೆಯೇ ಜೀವಾವಧಿ ಆದ ಕೇಸುಗಳಿವೆ. ಆದರೆ ಕೊಂಡಿಗೆ ಕೊಂಡಿ ಕೂಡಿ ಸರಪಳಿ ಪೂರ್ತಿಯಾಗಬೇಕು. 1984ರ ಶರದ್ ಸಾರ್ದಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ. 'ಮಾಡಿರಬಹುದು' ಅನ್ನುವುದು ಸಾಲದು. ಬೇರೆ ಯಾರೋ ಮಾಡಿರುವ ಸಾಧ್ಯತೆಗೆ ಜಾಗವೇ ಉಳಿಯಬಾರದು.

ಹಾಗಾಗಿ ಮೊದಲು ಹೊತ್ತು ನೋಡಿ. ಆ ಇಬ್ಬರು ನೋಡಿದ್ದು ಎಷ್ಟು ಗಂಟೆಗೆ, ಸಾವು ಆದದ್ದು ಯಾವಾಗ? ನಡುವಿನ ಅಂತರ ಜಾಸ್ತಿಯಿದ್ದರೆ ಆ ಕೊಂಡಿ ಸಡಿಲವಾಗುತ್ತದೆ.

ಇನ್ನು ಕುಡುಗೋಲು. ಪೊಲೀಸರ ಮುಂದೆ 'ನಾನೇ ಕೊಂದೆ' ಅಂದದ್ದು ಸಾಕ್ಷ್ಯವಾಗುವುದಿಲ್ಲ. ಅವನ ಮಾತಿನಿಂದ ವಸ್ತು ಸಿಕ್ಕಿದ್ದರೆ, ಅದಕ್ಕೆ ನೇರವಾಗಿ ಸೇರಿದ ಮಾತಷ್ಟೇ ಲೆಕ್ಕಕ್ಕೆ. ಅದು ಎಲ್ಲರೂ ಓಡಾಡುವ ಬದುವಿನ ಮೇಲಿತ್ತಾ, ಮಣ್ಣಲ್ಲಿ ಹೂತಿತ್ತಾ? ಅದರಲ್ಲಿದ್ದ ರಕ್ತ ಸತ್ತವನದೇ ಅಂತ ಲ್ಯಾಬ್ ವರದಿ ಹೇಳುತ್ತಾ? ಪಂಚನಾಮೆಗೆ ಸಾಕ್ಷಿಯಾಗಿ ಸಹಿ ಹಾಕಿದ ಪಂಚರು ನಿಜವಾಗಿ ಹೊಲಕ್ಕೆ ಹೋಗಿದ್ದರಾ? ನಾನು ಜೂನಿಯರ್ ಆಗಿದ್ದಾಗ ಒಂದು ಕೇಸಿನಲ್ಲಿ ಪಂಚನೊಬ್ಬ ಪಾಟಿ ಸವಾಲಿನಲ್ಲಿ, 'ಠಾಣೆಯಲ್ಲೇ ಸಹಿ ಮಾಡಿದೆ ಸಾಹೇಬ್ರೆ, ಹೊಲ ನೋಡೇ ಇಲ್ಲ' ಅಂದುಬಿಟ್ಟ. ಆ ಹೊತ್ತಿಗೆ ಆರೋಪಿ ಜೈಲಿನಲ್ಲಿ ಮೂರು ವರ್ಷ ಕಳೆದಿದ್ದ. ಅವನ ತಾಯಿಯ ಮುಖ ನನಗೆ ಇನ್ನೂ ನೆನಪಿದೆ. ಅದಕ್ಕೇ ಇಷ್ಟು ಒತ್ತಿ ಹೇಳುತ್ತಿದ್ದೇನೆ.

ದುಡ್ಡಿನ ಚಿಂತೆ ಬಿಡಿ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಜೈಲಿನಲ್ಲಿರುವವರಿಗೆ, ಆದಾಯ ಎಷ್ಟೇ ಇರಲಿ, ಸರ್ಕಾರವೇ ವಕೀಲರನ್ನು ಕೊಡಬೇಕು. ಯಾದಗಿರಿಯ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಕೊಡಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಇಂಥ ಕೇಸಿಗೆ ಕನಿಷ್ಠ 10 ವರ್ಷ ಅನುಭವದ ವಕೀಲರೇ ಬೇಕು, ತಯಾರಿಗೆ ಅವರಿಗೆ ಸಮಯ ಸಿಗಬೇಕು ಅಂತ ಸುಪ್ರೀಂ ಕೋರ್ಟ್ 2019ರಲ್ಲಿ ಹೇಳಿದೆ. ಸುಮ್ನೆ ಯಾರೋ ಒಬ್ಬರು ಸಾಕು ಅಂತ ಒಪ್ಪಬೇಡಿ. ಚಾರ್ಜ್‌ಶೀಟ್ ಪ್ರತಿಯೂ ತಮ್ಮನಿಗೆ ಪುಕ್ಕಟೆ ಸಿಗಬೇಕು. ಶಿಕ್ಷೆಯೇ ಆದರೂ ಮೇಲ್ಮನವಿ ಕಲಬುರಗಿ ಹೈಕೋರ್ಟ್ ಪೀಠದಲ್ಲೇ ನಡೆಯುತ್ತದೆ, ಮೊದಲಿನಂತೆ ಬೆಂಗಳೂರಿಗೆ ಅಲೆಯಬೇಕಿಲ್ಲ.

ಆ ದಿನ ತಮ್ಮ ಎಲ್ಲಿದ್ದ, ಯಾರ ಜೊತೆ ಮಾತಾಡಿದ, ಫೋನ್ ಯಾರ ಕೈಲಿತ್ತು ಅನ್ನುವುದನ್ನು ನೆನಪು ಮಾಸುವ ಮೊದಲೇ ಬರೆದಿಟ್ಟು ವಕೀಲರಿಗೆ ಕೊಡಿ. ಆ ಇಬ್ಬರು ಸಾಕ್ಷಿಗಳ ಮನೆಗೆ ಮಾತ್ರ ಹೋಗಬೇಡಿ. ಅತ್ತು ಕೇಳಿಕೊಂಡರೂ ನಾಳೆ ಅದನ್ನೇ ಬೆದರಿಕೆ ಅಂತ ಬರೆದಾರು.