ಮೈಸೂರಿನಲ್ಲೇ ಉಳಿದುಬಿಡಲೇ?

ಪ್ರಶ್ನೆ: ನನಗೆ 36 ವರ್ಷ. ಅಪ್ಪ ಮೇಜರ್ ಜನರಲ್ ಆಗಿ ನಿವೃತ್ತರಾಗಿ ಯಾದವಗಿರಿಯಲ್ಲಿದ್ದಾರೆ. ಗಂಡ ವಿದೇಶಾಂಗ ಸೇವೆಯಲ್ಲಿದ್ದಾರೆ, ಈಗ ಯುರೋಪಿನಲ್ಲಿ ಮೂರನೇ ಪೋಸ್ಟಿಂಗ್. ನಾನು ಮಾನಸಗಂಗೋತ್ರಿಯ ವಾಕ್ ಶ್ರವಣ ಸಂಸ್ಥೆಯಲ್ಲಿ ಓದಿ ಸ್ಪೀಚ್ ಥೆರಪಿಸ್ಟ್ ಆಗಿದ್ದೆ. ಮದುವೆಯಾದ ಮೇಲೆ ಕೆಲಸ ಬಿಟ್ಟೆ. ಈಗ ವಾರಕ್ಕೆ ಮೂರು ಪಾರ್ಟಿ, ಅದೇ ನಗು, ಅದೇ ಮಾತು. ಹೋದ ವರ್ಷ ಅಮ್ಮ ತೀರಿಕೊಂಡರು. ರಜೆಗೆಂದು ಮಗಳ ಜೊತೆ ಬಂದವಳಿಗೆ ವಾಪಸ್ ಹೋಗಲು ಮನಸ್ಸಿಲ್ಲ. ಅಪ್ಪನನ್ನು ನೋಡಿಕೊಂಡು ಇಲ್ಲೇ ಇದ್ದುಬಿಡಲೇ? ಅಪ್ಪ ‘ಫೌಜಿ ಮಗಳು ಹಿಂದೆ ಸರಿಯಬಾರದು’ ಅನ್ನುತ್ತಾರೆ. ನೆಂಟರು ‘ನಿನಗೇನಮ್ಮ ಕಷ್ಟ’ ಎಂದು ನಗುತ್ತಾರೆ.

ಉತ್ತರ: ಜಾಗ ಸಾಲದೆ ನಿಮ್ಮ ಪತ್ರವನ್ನು ಚಿಕ್ಕದು ಮಾಡಿದ್ದೇನೆ, ಬೇಜಾರಾಗಬೇಡಿ. ನಾಲ್ಕು ಪುಟಗಳಲ್ಲಿ ಅಪ್ಪನ ಬಗ್ಗೆ ಇದ್ದದ್ದು ಆರೇ ಸಾಲು. ಅವರು ಬೆಳಿಗ್ಗೆ ಐದೂವರೆಗೆ ಕುಕ್ಕರಹಳ್ಳಿ ಕೆರೆ ಸುತ್ತುತ್ತಾರೆ, ತಮ್ಮ ಶರ್ಟಿಗೆ ತಾವೇ ಇಸ್ತ್ರಿ ಹಾಕುತ್ತಾರೆ ಅಂತ ನೀವೇ ಬರೆದಿದ್ದೀರಿ. ಆದರೆ ‘ತತ್ತೆ’ ಅನ್ನುತ್ತಿದ್ದ ಒಬ್ಬ ಹುಡುಗ ತಿಂಗಳುಗಟ್ಟಲೆ ಕಲಿತು ‘ಕತ್ತೆ’ ಅಂದ ದಿನಕ್ಕೆ ಒಂದು ಪೂರ್ತಿ ಪುಟ! ಅಪ್ಪನ ಮೇಲಿನ ಕಾಳಜಿ ಸುಳ್ಳು ಅನ್ನುತ್ತಿಲ್ಲ. ಆದರೆ ನೀವು ಕಳೆದುಕೊಂಡಿದ್ದು ಆ ಕೆಲಸವನ್ನು, ಅಲ್ವಾ?

ಹತ್ತಾರು ಸಲ ಮನೆ ಬದಲಿಸಿದವರು ನೀವು. ಹೆಸರು ಬರೆದ ಕಪ್ಪು ಟ್ರಂಕುಗಳಲ್ಲೇ ಬಾಲ್ಯ ಕಳೆದಿದೆ. ಹಾಗಾಗಿ ಊರೂರು ಸುತ್ತುವುದು ನಿಮಗೆ ಹೊಸದಲ್ಲ. ಕುಟುಂಬ ಕರೆದೊಯ್ಯಲಾಗದ ಗಡಿಗೆ ಅಪ್ಪ ಹೋದಾಗ ಅಮ್ಮ ನಿಮ್ಮನ್ನು ಕರೆದುಕೊಂಡು ಮೈಸೂರಿನಲ್ಲೇ ಇರುತ್ತಿದ್ದರು. ಅದನ್ನು ಯಾರೂ ಸಂಸಾರ ಮುರಿಯಿತು ಅನ್ನಲಿಲ್ಲ. ಯಾಕೆಂದರೆ ಅಪ್ಪ ಯಾವಾಗ ವಾಪಸ್ ಬರುತ್ತಾರೆ ಅಂತ ಎಲ್ಲರಿಗೂ ಹೆಚ್ಚುಕಮ್ಮಿ ಗೊತ್ತಿರುತ್ತಿತ್ತು. ಸುಮ್ನೆ ವಾಪಸ್ ಟಿಕೆಟ್ ಮುಂದೂಡುತ್ತಾ ಕೂತರೆ ಹಾಗಲ್ಲ. ನಿಮ್ಮ ಗಂಡ ಅಲ್ಲಿ ದಿನ ಎಣಿಸುತ್ತಾರೆ, ಮಗಳು ಇಲ್ಲಿ ಯಾವ ಸ್ಕೂಲು ಅಂತ ತಿಳಿಯದೆ ಕೂರುತ್ತಾಳೆ. ಉಳಿಯುವುದಾದರೆ ಒಂದು ಶಾಲಾ ವರ್ಷ ಅಂತ ಇಬ್ಬರೂ ಕೂತು ಮಾತಾಡಿ ಉಳಿಯಿರಿ.

ಅದಕ್ಕೂ ಮೊದಲು ಇನ್ನೊಂದು ವಿಚಾರಿಸಿ. ರಾಜತಾಂತ್ರಿಕ ಅಧಿಕಾರಿಯ ಹೆಂಡತಿ ಕೆಲಸ ಮಾಡುವ ಹಾಗಿಲ್ಲ ಅಂತ ಬರೆದಿದ್ದೀರಿ. ಅದು ಪೂರ್ತಿ ನಿಜವಲ್ಲ. ರಾಜತಾಂತ್ರಿಕ ಸಂಬಂಧಗಳ ಕುರಿತ 1961ರ ವಿಯೆನ್ನಾ ಒಪ್ಪಂದದ 42ನೇ ವಿಧಿ ಸ್ವಂತ ಲಾಭದ ವೃತ್ತಿ, ವ್ಯಾಪಾರ ಬೇಡ ಅನ್ನುವುದು ರಾಜತಾಂತ್ರಿಕ ಅಧಿಕಾರಿಗೆ. ಮನೆಯವರು ದುಡಿಯಬಹುದೇ ಅನ್ನುವುದು ಆಯಾ ದೇಶದ ನಿಯಮ ಮತ್ತು ಎರಡು ದೇಶಗಳ ನಡುವಿನ ಒಪ್ಪಂದಕ್ಕೆ ಬಿಟ್ಟದ್ದು. ಭಾರತ ಹಲವು ದೇಶಗಳ ಜೊತೆ ಇಂಥ ಒಪ್ಪಂದ ಮಾಡಿಕೊಂಡಿದೆ. ನೀವಿರುವ ದೇಶ ಆ ಪಟ್ಟಿಯಲ್ಲಿದೆಯೇ ಅಂತ ಗಂಡನನ್ನೇ ಕೇಳಿ, ಅದು ಅವರ ಕಚೇರಿಯ ವಿಷಯವೇ ತಾನೆ. ಇದ್ದರೂ ಅನುಮತಿ ಬೇಕು. ಆ ಕೆಲಸದಲ್ಲಿ ತಕರಾರು ಬಂದರೆ ರಾಜತಾಂತ್ರಿಕ ರಕ್ಷಣೆ, ಅಂದರೆ ಅಲ್ಲಿನ ಕೋರ್ಟುಗಳಿಂದ ಇರುವ ವಿನಾಯಿತಿ, ಸಿಗದೆ ಹೋಗಬಹುದು. ಹೊರದೇಶದ ಕನ್ನಡ ಮಕ್ಕಳಿಗೆ ವಿಡಿಯೊದಲ್ಲಿ ಥೆರಪಿ ಕೊಡುವುದಾದರೂ ಕೇಳಿಯೇ ಶುರುಮಾಡಿ. ಇಲ್ಲಿರುವಾಗಲೇ ಸ್ಪೀಚ್ ಥೆರಪಿಸ್ಟರನ್ನು ನೋಂದಾಯಿಸುವ ಭಾರತೀಯ ಪುನರ್ವಸತಿ ಪರಿಷತ್ತಿನ ನೋಂದಣಿ ನವೀಕರಿಸಿಕೊಳ್ಳಿ.

ಹೆಂಡತಿ ಅಂದರೆ ಸಂಬಳವಿಲ್ಲದ ಇನ್ನೊಂದು ಜೋಡಿ ಕೈ ಅಂತ ವಿದೇಶಾಂಗ ಸೇವೆ ಬಹಳ ಕಾಲ ನಂಬಿಕೊಂಡಿತ್ತು. ಮದುವೆಯಾದ ಹೆಣ್ಣು ಮಾತ್ರ ಅಧಿಕಾರಿಯಾಗಿರಬಾರದು! 1949ರಲ್ಲಿ ಸೇವೆಗೆ ಸೇರಿದ ಮೊದಲ ಮಹಿಳೆ, ನಮ್ಮ ಕೊಡಗಿನ ಸಿ.ಬಿ. ಮುತ್ತಮ್ಮ, ಮದುವೆಯಾದರೆ ರಾಜೀನಾಮೆ ಕೊಡುತ್ತೇನೆ ಅಂತ ಮುಚ್ಚಳಿಕೆ ಬರೆದುಕೊಡಬೇಕಾಯಿತು. ಇಂಥ ನಿಯಮಗಳ ವಿರುದ್ಧ ಅವರು ಸುಪ್ರೀಂ ಕೋರ್ಟಿಗೆ ಹೋದರು. 1979ರ ತೀರ್ಪಿನಲ್ಲಿ ಕೋರ್ಟು ಸರ್ಕಾರವನ್ನು ಚೆನ್ನಾಗಿಯೇ ತರಾಟೆಗೆ ತೆಗೆದುಕೊಂಡಿತು. ಅಪ್ಪನಿಗೆ ಇದನ್ನು ಹೇಳಿ. ಕೊಡಗಿನವರ ಹೆಸರು ಕೇಳಿದರೆ ಸೇನೆಯವರು ಕಿವಿ ಕೊಡುತ್ತಾರೆ.

ನೆಂಟರನ್ನು ಬಿಡಿ. ಪಾರ್ಟಿಯ ಫೋಟೊ ನೋಡಿದವರಿಗೆ ಮರುದಿನದ ಮಧ್ಯಾಹ್ನ ಕಾಣುವುದಿಲ್ಲ.

ನಾಳೆ ಬೆಳಿಗ್ಗೆ ಅಪ್ಪನ ಜೊತೆ ನೀವೂ ಕೆರೆ ಕಡೆ ಹೋಗಿ. ನಿಮ್ಮ ಕಥೆ ಆಮೇಲೆ. ಅವರು ಗಡಿಯಲ್ಲಿದ್ದ ವರ್ಷಗಳಲ್ಲಿ ಅಮ್ಮ ಏನು ಬರೆಯುತ್ತಿದ್ದರು ಅಂತ ಮೊದಲು ಕೇಳಿ. ಅಮ್ಮ ಹೋದ ಮೇಲೆ ಆ ವಿಷಯವನ್ನು ಅವರ ಹತ್ತಿರ ಯಾರೂ ಎತ್ತಿರಲಿಕ್ಕಿಲ್ಲ.